ಹಗ್ಗದ ಕೊನೆಯ ಗಂಟು

ನಮ್ಮೂರಿನ ನೀರು ಕುಡಿದವರಿಗೆ ನಮ್ಮೂರಿನ ದೆವ್ವಗಳು ಕಾಣುವುದಿಲ್ಲ. ಹೊರಗಿನಿಂದ ಬಂದವರಿಗೆ, ಇಲ್ಲಿನ ನೀರು ಒಂದು ಗುಟುಕು ಗಂಟಲಿಗೆ ಇಳಿಯುವ ತನಕ, ಎಲ್ಲರೂ ಕಾಣುತ್ತಾರೆ. ಹೀಗಾಗಿ ನಾನು ಹದಿನಾಲ್ಕು ವರ್ಷಗಳಿಂದ ನನಗೆ ಕಾಣದವರನ್ನು ಪರಊರಿನವರಿಗೆ ತೋರಿಸುವ ಕೆಲಸ ಮಾಡುತ್ತಿದ್ದೇನೆ. ಪುರಸಭೆಯವರು ಕೋಟೆಯ ಅಗಸಿ ಬಾಗಿಲಿನ ಹತ್ತಿರ ‘ರಾತ್ರಿ ದೆವ್ವ ನಡಿಗೆ, ಮಾರ್ಗದರ್ಶಿ: ಮೋನಪ್ಪ’ ಎಂದು ಬೋರ್ಡು ಬರೆಸಿ ಹಾಕಿದ್ದಾರೆ. ನಾವು ಊರಿನವರು ದೆವ್ವ ಎನ್ನುವುದಿಲ್ಲ, ನಮ್ಮವರು ಎನ್ನುತ್ತೇವೆ. ಬೋರ್ಡಿನಲ್ಲಿ ಹಾಗೆ ಬರೆದರೆ ಯಾರೂ ಬರುವುದಿಲ್ಲವಂತೆ.

ಇದಕ್ಕೆ ಮೊದಲು ನಾನು ಇದೇ ಪುರಸಭೆಯಲ್ಲಿ ಡಂಗುರ ಸಾರುತ್ತಿದ್ದೆ. ನಾಳೆ ನಳ ಬರುವುದಿಲ್ಲ, ನಾಡಿದ್ದು ನಾಯಿ ಹಿಡಿಯುವವರು ಬರುತ್ತಾರೆ, ಇಂಥ ಸಣ್ಣ ಸಮಾಚಾರವನ್ನೂ ಯುದ್ಧ ಗೆದ್ದು ಬಂದವರ ಗತ್ತಿನಲ್ಲಿ ಹೇಳುತ್ತಿದ್ದೆ. ನನ್ನ ದನಿ ಕೋಟೆಯ ಈ ಬಾಗಿಲಿನಿಂದ ಆ ಬಾಗಿಲಿಗೆ ಮುಟ್ಟುತ್ತಿತ್ತು. ಆಮೇಲೆ ಮೈಕು ಕಟ್ಟಿದ ಆಟೋ ಬಂತು, ನನ್ನ ಹಲಗೆ ಮೂಲೆ ಸೇರಿತು. ದನಿ ಮಾತ್ರ ಮೂಲೆ ಸೇರಲು ಒಪ್ಪಲಿಲ್ಲ. ಕೋಟೆ ನೋಡಲು ಬಂದವರನ್ನು ರಾತ್ರಿ ಸುತ್ತಾಡಿಸಲು ಒಬ್ಬ ಮನುಷ್ಯ ಬೇಕು ಎಂದಾಗ ಯಾರೋ ನನ್ನ ಹೆಸರು ಹೇಳಿದರು. ಕಾಣದಿದ್ದರೇನು, ಹೇಳಲು ಬಾಯಿ ಇದೆಯಲ್ಲ ಎಂದು ನಾನೂ ಒಪ್ಪಿಕೊಂಡೆ.

ಈ ಕೆಲಸದಲ್ಲಿ ಸತ್ತವರಿಂದ ಯಾವ ತೊಂದರೆಯೂ ಇಲ್ಲ, ತೊಂದರೆಯೆಲ್ಲ ಬದುಕಿರುವವರದ್ದು. ಬಾಗಿಲ ಮುಂದೆ ಹಾದು ಹೋಗುವವರಿಗೆ ಏನಾದರೂ ಕುಡಿಯಲು ಕೊಡದಿದ್ದರೆ ನಮ್ಮೂರಿನವರಿಗೆ ಕೈ ಕಡಿಯುತ್ತದೆ. “ದಣದು ಬಂದೀರಿ, ಒಂದ್ ಗುಟುಕ ಮಜ್ಜಿಗಿ ಕುಡೀರಿ” ಎಂದು ತಂಬಿಗೆ ಹಿಡಿದು ಓಣಿಗೇ ಬರುತ್ತಾರೆ. ಬೇಡವೆಂದು ಎಷ್ಟು ಸಲ ಹೇಳಿದರೂ ಅವರ ತಲೆಗೆ ಹೋಗುವುದಿಲ್ಲ. ಒಂದು ಸಲ ನಾನು ಕಂದೀಲಿನ ಬತ್ತಿ ಸರಿಮಾಡುವಷ್ಟರಲ್ಲಿ ಎಂಟು ಜನ ಪಾನಕ ಕುಡಿದು ಬಾಯಿ ಒರೆಸಿಕೊಂಡಿದ್ದರು. ಅವತ್ತು ಅವರಿಗೆ ನಾನು ಬರೀ ಗಂಟಲಿನಿಂದಲೇ ಊರು ತೋರಿಸಿದೆ. ಬಹಳ ಚೆನ್ನಾಗಿ ಕಂಡಿತು ಎಂದು ಅವರು ಪುರಸಭೆಯ ಅಭಿಪ್ರಾಯ ಪುಸ್ತಕದಲ್ಲಿ ಬರೆದು ಹೋದರು.

ನಡಿಗೆ ಹೊರಡುವ ಹೊತ್ತಿಗೆ ಊರಿನವರು ಊಟ ಮುಗಿಸಿ ಕಟ್ಟೆಗಳ ಮೇಲೆ ಬಂದು ಕೂರುತ್ತಾರೆ. ಅವರಿಗೆ ತಮ್ಮವರ ಸುದ್ದಿ ಬೇಕು. ಕ್ಷೌರಿಕ ಹುಲಗಪ್ಪನ ಅಪ್ಪ ಬೇವಿನ ಮರದ ಕೆಳಗೆ ಚರ್ಮದ ಪಟ್ಟಿಗೆ ಕತ್ತಿ ಮಸೆಯುತ್ತ ನಿಂತಿರುತ್ತಾನೆ. ಹುಲಗಪ್ಪ ಎದುರಿನ ಅಂಗಡಿಯ ಮೆಟ್ಟಿಲ ಮೇಲೆ ಕೂತು ಬಂದವರನ್ನೆಲ್ಲ ಕೇಳುತ್ತಾನೆ: “ನಮ್ಮಪ್ಪ ಇವತ್ತರ ನಕ್ಕಾನೇನ್ರಿ?” ಬಂದವರು ಬೇವಿನ ಮರದ ಕೆಳಗೆ ನೋಡಿ, “ಇಲ್ಲ, ಗಂಟು ಮುಖ ಹಾಕಿಕೊಂಡಿದ್ದಾರೆ” ಎನ್ನುತ್ತಾರೆ. “ಹಂಗಾದ್ರ ಆರಾಮ ಅದಾನ” ಎಂದು ಹುಲಗಪ್ಪ ನೆಮ್ಮದಿಯಿಂದ ಬಾಗಿಲು ಹಾಕಿಕೊಳ್ಳುತ್ತಾನೆ. ಆ ಮನುಷ್ಯ ಬದುಕಿದ್ದಾಗಲೂ ನಕ್ಕವನಲ್ಲ.

ಆದರೆ ಇದಕ್ಕೊಂದು ಮರ್ಯಾದೆ ಇದೆ. ಹೆಸರು ಹಿಡಿದು ಕೇಳಿದರೆ ಮಾತ್ರ ಹೇಳಬೇಕು, ಕೇಳದೆ ಯಾರೂ ಯಾರಿಗೂ ಅವರವರ ಸತ್ತವರ ಸುದ್ದಿ ಹೇಳಬಾರದು. ಬಟ್ಟೆ ಅಂಗಡಿಯ ದೊಡ್ಡ ಸಾಹುಕಾರರು ತೀರಿಕೊಂಡ ಮೇಲೆ ದಿನಾ ರಾತ್ರಿ ಯಾರ ಮನೆಯ ಕಿಟಕಿಯ ಕೆಳಗೆ ನಿಂತಿರುತ್ತಾರೆ ಎನ್ನುವುದು ಇಡೀ ಊರಿಗೆ ಗೊತ್ತು. ಅವರ ಹೆಂಡತಿ ಇವತ್ತಿನ ತನಕ ಕೇಳಿಲ್ಲ, ನಾವೂ ಹೇಳಿಲ್ಲ. ಇದು ಒಳ್ಳೆಯ ಪದ್ಧತಿ ಎಂದೇ ನಾನು ತಿಳಿದಿದ್ದೆ. ನನ್ನ ತನಕ ಬರುವವರೆಗೆ ಒಳ್ಳೆಯದೇ ಆಗಿತ್ತು.

ಇನ್ನು ಹಗ್ಗದ ವಿಷಯ. ಅದು ನನ್ನ ಹೆಂಡತಿ ಪಾರವ್ವನ ತಲೆಯಲ್ಲಿ ಹುಟ್ಟಿದ್ದು. ನಡಿಗೆ ಶುರುವಾದ ಹೊಸದರಲ್ಲಿ ಒಬ್ಬ ಫೋಟೋ ತೆಗೆಯುವವನು ಗಾಣದ ಓಣಿಯ ಸತ್ತ ಎತ್ತಿನ ಬೆನ್ನು ಹತ್ತಿ, ಬೆಳತನಕ ಗಾಣದ ಸುತ್ತ ತಿರುಗಿ, ತಲೆಸುತ್ತಿ ಬಿದ್ದ. ಮರುದಿನ ಪಾರವ್ವ ಸೇದುವ ಬಾವಿಯ ಹಳೆಯ ಹಗ್ಗ ತಂದು ಎರಡು ಮೊಳಕ್ಕೊಂದು ಗಂಟು ಹಾಕುತ್ತ ಹೋದಳು. ಇಪ್ಪತ್ತೊಂದು ಗಂಟಿಗೆ ಹಗ್ಗ ಮುಗಿಯಿತು. ಒಬ್ಬೊಬ್ಬರು ಒಂದೊಂದು ಗಂಟು ಹಿಡಿದು ಸಾಲಾಗಿ ನಡೆಯಬೇಕು, ಯಾರೂ ಅಡ್ಡದಾರಿ ಹಿಡಿಯುವಂತಿಲ್ಲ. ಮುಂದಿನ ತುದಿ ನನ್ನ ಕೈಯಲ್ಲಿ, ಕೊನೆಯ ಗಂಟು ಪಾರವ್ವನ ಕೈಯಲ್ಲಿ. ಒಂದೊಂದು ಜಾಗದಲ್ಲಿ ನಾನು ಹೇಳುವುದೆಲ್ಲ ಮುಗಿದು ಎಲ್ಲರೂ ಗಂಟು ಹಿಡಿದರೆಂದರೆ ಅವಳು ಹಿಂದಿನಿಂದ ಎರಡು ಸಲ ಜಗ್ಗುತ್ತಿದ್ದಳು. ನಡಿ ಇನ್ನು ಎಂದು ಅದರ ಅರ್ಥ.

ಅವಳು ಅಷ್ಟಕ್ಕೇ ಸುಮ್ಮನಿದ್ದಿದ್ದರೆ ಚೆನ್ನಾಗಿತ್ತು. ನಾನು ಡಂಗುರದವನು, ಇದ್ದದ್ದನ್ನು ಇದ್ದಷ್ಟೇ ಹೇಳಿದರೆ ನನಗೆ ಊಟ ಸೇರುವುದಿಲ್ಲ. ಪಾರವ್ವನಿಗೆ ಒಂದು ಸಾಸಿವೆಕಾಳಿನಷ್ಟು ಹೆಚ್ಚು ಹೇಳಿದರೂ ತಡೆಯುತ್ತಿರಲಿಲ್ಲ. ಕೊತ್ವಾಲರ ಬಾವಿಯ ಹತ್ತಿರ ಚಂದ್ರವ್ವ ಎಂಬ ಹುಡುಗಿ ಕೊಡ ಹಿಡಿದು ನಿಂತಿರುತ್ತಾಳೆ. ಅವಳು ಅರಮನೆಯ ಕುದುರೆ ಸವಾರನನ್ನು ಪ್ರೀತಿಸಿದಳು, ಅವನು ದಂಡಿಗೆ ಹೋದವನು ಬರಲಿಲ್ಲ, ಹುಣ್ಣಿಮೆಯ ರಾತ್ರಿ ಅವಳು ಬಾವಿಗೆ ಹಾರಿದಳು ಎಂದು ನಾನು ಕಟ್ಟಿದ್ದೆ. ಹೆಂಗಸರು ಸೆರಗಿನಿಂದ ಕಣ್ಣು ಒರೆಸಿಕೊಳ್ಳುವಷ್ಟು ಚೆನ್ನಾಗಿ ಹೇಳುತ್ತಿದ್ದೆ. ಸವಾರ ಕುದುರೆ ಹತ್ತುವ ಹೊತ್ತಿಗೆ ಸರಿಯಾಗಿ ಹಗ್ಗದ ಕೊನೆಯಿಂದ ದನಿ ಬರುತ್ತಿತ್ತು: “ಹಂಗಲ್ರಿ. ಆಕಿಗೆ ಮೂರು ದಿನ ಜ್ವರಾ ಬಂದಿತ್ತು. ಜ್ವರದಾಗೂ ನೀರಿಗೆ ಬಂದ್ಲು, ಮನಿಗೆ ಹೋಗಿ ಮಲಗಿದಾಕಿ ಏಳಲಿಲ್ಲ. ಕುದುರಿನೂ ಇಲ್ಲ, ಕತ್ತಿನೂ ಇಲ್ಲ.”

ಹನ್ನೊಂದು ವರ್ಷದ ಹಿಂದೆ ಒಂದು ರಾತ್ರಿ ಅವಳು ಹಾಗೆ ಅಂದದ್ದಕ್ಕೆ ಬಂದವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ನನಗೆ ಮೈಯೆಲ್ಲ ಉರಿಯಿತು. ಮನೆಗೆ ಬಂದವನೇ, “ನಾಳಿಂದ ನೀ ಬರೂದ ಬ್ಯಾಡ. ಕಟ್ಟಿ ಮ್ಯಾಲ ಕುಂದ್ರು” ಅಂದೆ. ಅವಳು ಮರುದಿನ ನಡಿಗೆಯ ಹೊತ್ತಿಗೆ ಮೊರದಲ್ಲಿ ಅಕ್ಕಿ ಹಾಕಿಕೊಂಡು ಬಂದು ಕಟ್ಟೆಯ ಮೇಲೆ ಕೂತಳು. ನಾನು ಜನರನ್ನು ಕರೆದುಕೊಂಡು ಮುಂದೆ ಹಾದು ಹೋದಾಗ ತಲೆ ಎತ್ತಲಿಲ್ಲ. ಒಂಬತ್ತು ದಿನ ಹೀಗೇ ನಡೆಯಿತು. ಮನೆಯಲ್ಲಿ ಊಟಕ್ಕೆ ಹಾಕುತ್ತಿದ್ದಳು, ಮಾತಿಲ್ಲ. ಅವಳೇ ಮೊದಲು ಮಾತಾಡಲಿ ಎಂದು ನಾನೂ ಬಿಗಿದುಕೊಂಡಿದ್ದೆ. ಹತ್ತನೆಯ ರಾತ್ರಿ ನಡಿಗೆ ಮುಗಿಸಿ ಬಂದಾಗ ಅವಳು ಕಟ್ಟೆಯ ಮೇಲೆಯೇ ಗೋಡೆಗೆ ಒರಗಿ ತೀರಿಕೊಂಡಿದ್ದಳು. ಮೊರದ ಅಕ್ಕಿ ಒಂದು ಕಾಳೂ ಚೆಲ್ಲಿರಲಿಲ್ಲ.

ತಿಂಗಳು ಕಳೆದು ಮತ್ತೆ ನಡಿಗೆ ಶುರುಮಾಡಿದ ದಿನ, ಅಗಸಿ ದಾಟಿ ನಮ್ಮ ಮನೆಯ ಮುಂದೆ ಬಂದ ಕೂಡಲೇ ಬಂದವರಲ್ಲೊಬ್ಬರು, “ಅಲ್ಲೊಬ್ಬರು ಹಸಿರು ಸೀರೆಯವರು ಕೂತಿದ್ದಾರಲ್ಲ, ಅವರ ಕತೆ ಏನು” ಎಂದು ಕೇಳಿದರು. ನನ್ನ ಬಾಯಿಗೆ ಅವಳ ಹೆಸರು ಬರಲಿಲ್ಲ. “ಅಕಿ ಒಬ್ಬ ಹೆಣ್ಣಮಗಳು” ಅಂದೆ. “ತಲಿ ಎತ್ತಿ ನೋಡಾಕತ್ತಾಳೇನು?” ಇಲ್ಲ ಎಂದರು. ಅಂದಿನಿಂದ ಹನ್ನೊಂದು ವರ್ಷ ಪ್ರತಿ ರಾತ್ರಿ ನಾನು ಅದೇ ಪ್ರಶ್ನೆ ಕೇಳಿದ್ದೇನೆ, ಅದೇ ಉತ್ತರ ಬಂದಿದೆ. ಕುಂದ್ರು ಅಂದೆ, ಕೂತಳು. ನಾನು ಅಂದ ಒಂದು ಮಾತಿಗೆ ಸತ್ತ ಮೇಲೂ ಅವಳು ಆ ಕಲ್ಲಿನ ಮೇಲೆ ತಲೆ ತಗ್ಗಿಸಿ ಕೂತೇ ಇರಬೇಕಲ್ಲ ಎನ್ನುವುದು ನನ್ನ ಎದೆಯಲ್ಲಿ ಮುಳ್ಳಿನ ಹಾಗೆ ಉಳಿಯಿತು. ಬಂದವರು ಹಿಂತಿರುಗಿ ಹಿಂತಿರುಗಿ ಅವಳನ್ನು ನೋಡಿ ‘ಪಾಪ’ ಎಂದಾರೆಂದು ಹೆದರಿ ಮೊದಲ ರಾತ್ರಿಯೇ ಒಂದು ಕಟ್ಟಳೆ ಮಾಡಿದೆ. ಈ ಕಟ್ಟೆ ದಾಟಿದ ಮೇಲೆ ಯಾರೂ ಹಿಂತಿರುಗಿ ನೋಡಬಾರದು, ನೋಡಿದರೆ ಆಗಬಾರದ್ದು ಆಗುತ್ತದೆ ಎಂದು ದಪ್ಪ ದನಿಯಲ್ಲಿ ಹೆದರಿಸಿದೆ. ಜನರಿಗೆ ಅದು ಬಹಳ ಹಿಡಿಸಿತು. ಪುರಸಭೆಯವರು ಬೋರ್ಡಿನ ಮೇಲೂ ಬರೆಸಿದರು.

ಕತೆಗಳನ್ನು ಮಾತ್ರ ನಾನು ಬದಲಿಸಲಿಲ್ಲ. ತಡೆಯುವವರೂ ಹಿಂದಿನಿಂದ ಹಗ್ಗ ಜಗ್ಗುವವರೂ ಇಲ್ಲದ ಮೇಲೆ ಚಂದ್ರವ್ವನ ಸವಾರನಿಗೆ ಬಿಳಿ ಕುದುರೆ ಬಂತು, ಆಮೇಲೆ ಬೆಳ್ಳಿಯ ಕತ್ತಿ ಬಂತು. ಈಗೀಗ ಹೇಳುವಾಗ ಮೊದಲಿನ ರುಚಿ ಇರಲಿಲ್ಲ, ಆದರೂ ಹೇಳುತ್ತಿದ್ದೆ.

ಹೋದ ತಿಂಗಳು ಹಗ್ಗ ಕತ್ತರಿಸಬೇಕು ಅನ್ನಿಸಿತು. ಒಂದು ರಾತ್ರಿಗೆ ಹನ್ನೆರಡು ಜನಕ್ಕಿಂತ ಹೆಚ್ಚು ಬೇಡವೆಂದು ಪುರಸಭೆಯವರು ಎಂದೋ ನಿಯಮ ಮಾಡಿದ್ದರು. ಉಳಿದ ಒಂಬತ್ತು ಗಂಟು ಸುಮ್ಮನೆ ಹಿಂದೆ ಬಾಲದ ಹಾಗೆ ಬರುತ್ತವೆ, ಸುತ್ತಿ ಹೆಗಲಿಗೆ ಹಾಕಿಕೊಂಡರೆ ಅರವತ್ತೆಂಟರ ಹೆಗಲಿಗೆ ಭಾರ. ಒಂದು ಸಂಜೆ ಹಗ್ಗ ಹೊತ್ತು ಹುಲಗಪ್ಪನ ಅಂಗಡಿಗೆ ಹೋಗಿ, ಒಂದು ಹಳೆಯ ಕತ್ತಿ ಕೊಡು, ಹದಿಮೂರನೆಯ ಗಂಟಿಗೆ ಕೊಯ್ಯಬೇಕು ಅಂದೆ. ಹುಲಗಪ್ಪ ಒಬ್ಬರ ಗಡ್ಡಕ್ಕೆ ಸಾಬೂನು ಹಚ್ಚುತ್ತಿದ್ದವನು ಕೈ ನಿಲ್ಲಿಸಿದ.

“ಯಾಕ್ರಿ ಕಾಕಾ, ಇರಲಿ ಬಿಡ್ರಿ” ಅಂದ.

“ಯಾರ್ ಹಿಡೀತಾರೋ ಅದನ್ನ? ಸುಮ್ನ ನೆಲಕ್ಕ ಎಳದಾಡತೈತಿ.”

“ಎಳದಾಡಿದ್ದು ಎಲ್ಲೈತಿ, ನೋಡ್ರಿ” ಎಂದು ಹುಲಗಪ್ಪ ಹಗ್ಗದ ಬಾಲವನ್ನು ಕೈಯಲ್ಲಿ ಹಿಡಿದು ತೋರಿಸಿದ. ಹೌದು, ಅದಕ್ಕೆ ಕೆಸರು ಹತ್ತಿರಲಿಲ್ಲ. ಮುಂದಿನ ಗಂಟುಗಳು ಹತ್ತು ಜನರ ಬೆವರಿಗೆ ಕಪ್ಪಾಗಿದ್ದವು, ಹಿಂದಿನವು ತೊಳೆದಿಟ್ಟಷ್ಟು ಚೊಕ್ಕಟವಾಗಿದ್ದವು. “ಹಳೇ ಕಾಲದ ನಾರು, ಅದಕ್ಕ ಕೆಸರು ಹತ್ತಂಗಿಲ್ಲ” ಅಂದೆ. ಹುಲಗಪ್ಪ ನನ್ನ ಮುಖವನ್ನೇ ಒಂದು ಗಳಿಗೆ ನೋಡಿದ. ಕುರ್ಚಿಯಲ್ಲಿ ಕೂತಿದ್ದವನೂ ಸಾಬೂನಿನ ಮುಖ ತಿರುಗಿಸಿ ನೋಡಿದ. ಇಬ್ಬರೂ ಏನೋ ಹೇಳುವವರ ಹಾಗೆ ಕಂಡರು, ಹೇಳಲಿಲ್ಲ. “ಕತ್ತಿಗೆ ಸಾಣಿ ಹಿಡಸಾಕ ಕೊಟ್ಟೇನ್ರಿ, ನಾಳೆ ಬರ್ರಿ” ಎಂದ ಹುಲಗಪ್ಪ. ಅವನ ಹಿಂದೆ ಗೋಡೆಗೆ ನಾಲ್ಕು ಕತ್ತಿ ತೂಗುತ್ತಿದ್ದವು. ಇವನಿಗೆ ಕತ್ತಿ ಹಾಳಾದೀತೆಂದು ಜಿಪುಣತನ ಎಂದುಕೊಂಡು ನಾನು ಎದ್ದು ಬಂದೆ.

ಆ ರಾತ್ರಿ ಬಂದವರು ಹನ್ನೆರಡು ಜನ. ಅವರಲ್ಲಿ ತೆಂಕಣ ಸೀಮೆಯಿಂದ ಬಂದ ಸರ್ವಮಂಗಳಾ ಎಂಬ ನಿವೃತ್ತ ಟೀಚರು ಒಬ್ಬರು. ಹೈಸ್ಕೂಲಿನಲ್ಲಿ ಮೂವತ್ತು ವರ್ಷ ಮಕ್ಕಳನ್ನು ಮೈದಾನದ ಸುತ್ತ ಓಡಿಸಿದ ವ್ಯಾಯಾಮ ಶಿಕ್ಷಕಿಯಂತೆ, ಈಗ ಅವರ ಎರಡೂ ಮಂಡಿ ಮುಷ್ಕರ ಹೂಡಿದ್ದವು. “ನಾನು ನಿಧಾನ ಕಣಪ್ಪಾ. ನೀವು ನಿಮ್ಮ ಪಾಡಿಗೆ ನಡೀರಿ, ನಾನು ಹಗ್ಗ ಬಿಡಲ್ಲ” ಎಂದರು. ನಾನು ಅವರಿಗೆ ಹನ್ನೆರಡನೆಯ ಗಂಟು ಕೊಟ್ಟೆ.

ನಮ್ಮ ಮನೆಯ ಕಟ್ಟೆಯ ಮುಂದೆ ನಿಂತು ಎಂದಿನ ಹಾಗೆ ಕೇಳಿದೆ, ಎಂದಿನ ಹಾಗೆ ತಲೆ ಎತ್ತಿಲ್ಲ ಎಂದರು. ಇಲ್ಲಿಂದ ಮುಂದೆ ಹಿಂತಿರುಗಿ ನೋಡಬಾರದು ಎಂದು ಹೆದರಿಸಿ ನಡೆದೆ. ಕೊತ್ವಾಲರ ಬಾವಿಯ ಹತ್ತಿರ ಬಿಳಿ ಕುದುರೆಯನ್ನೂ ಬೆಳ್ಳಿಯ ಕತ್ತಿಯನ್ನೂ ಹೊರಗೆ ತೆಗೆದೆ. ಬೇವಿನ ಮರದ ಹತ್ತಿರ ಹುಲಗಪ್ಪ ಅವತ್ತು ಅಪ್ಪನ ಬಗ್ಗೆ ಕೇಳಲೇ ಇಲ್ಲ, ಮೆಟ್ಟಿಲ ಮೇಲೆ ಕೂತು ಸಾಲಿನ ಹಿಂದಕ್ಕೆ ನೋಡುತ್ತಿದ್ದ. ಗಾಣದ ಓಣಿಯಲ್ಲಿ ಎತ್ತು ತೋರಿಸಿದೆ. ಕೊನೆಗೆ ಹಾಳು ಅರಮನೆಯ ಅಂಗಳ ಮುಟ್ಟಿದೆವು. ಅಲ್ಲಿ ಮಾಬೂಬಿ ಎಂಬಾಕೆ ಒಲೆ ಹಚ್ಚಿ ಚಹಾ ಇಟ್ಟುಕೊಂಡಿರುತ್ತಾಳೆ. ನಮ್ಮೂರ ನೀರಿನ ಚಹಾ. ನಡಿಗೆ ಮುಗಿದ ಮೇಲೆ ಅದನ್ನು ಎಲ್ಲರಿಗೂ ಕುಡಿಸಲೇಬೇಕು, ಇಲ್ಲವಾದರೆ ಲಾಡ್ಜಿನ ಹಳೆಯ ಮ್ಯಾನೇಜರು ಕೋಣೆ ಕೋಣೆಗೆ ಹೋಗಿ ಫ್ಯಾನು ಬಂದ್ ಆಗಿದೆಯೇ ಎಂದು ನೋಡುವುದು ಇವರಿಗೆ ಕಾಣುತ್ತದೆ, ನಿದ್ದೆ ಬರುವುದಿಲ್ಲ. ಅವರು ತೀರಿಕೊಂಡು ಇಪ್ಪತ್ತು ವರ್ಷವಾಯಿತು.

ಎಲ್ಲರೂ ಚಹಾಕ್ಕೆ ಕೈ ಚಾಚಿದರು. ಟೀಚರು ಎಲ್ಲರಿಗಿಂತ ಹಿಂದೆ, ಕುಂಟುತ್ತ ಬಂದು ಕಪ್ಪು ತೆಗೆದುಕೊಂಡರು. ಕುಡಿಯಲಿಲ್ಲ. ಮಾಬೂಬಿಯನ್ನು ನೋಡಿ, “ಇನ್ನೊಂದು ಕೊಡಮ್ಮಾ. ನನ್ನ ಜೊತೆ ಬಂದ್ರಲ್ಲ, ಕುಡೀದೇ ಹೊರಟ್ರು, ಅವರಿಗೆ ಕರೆದು ಕೊಡಲ್ವಾ?” ಎಂದರು.

“ಯಾರ್ರಿ?” ಎಂದೆ ನಾನು.

“ಅದೇ, ಹಸಿರು ಸೀರೆಯವರು. ಮೊರ ಕಂಕುಳಲ್ಲಿ ಇಟ್ಟುಕೊಂಡು ಬಂದ್ರು. ಕೊನೇ ಗಂಟು ಅವರೇ ಹಿಡ್ಕೊಂಡಿದ್ದು.”

ಮಾಬೂಬಿ ಸೌಟು ಕೆಳಗಿಟ್ಟಳು. ನಾನು, “ಹಿಂದಕ್ಕ ತಿರುಗಿ ನೋಡಬಾರದು ಅಂತ ಹೇಳಿದ್ದೆ” ಅಂದೆ. ಅದನ್ನು ಯಾಕೆ ಅಂದೆನೋ ನನಗೂ ಗೊತ್ತಿಲ್ಲ.

“ನಾನೆಲ್ಲಿ ತಿರುಗಿ ನೋಡಿದೆ? ಮಂಡಿ ನೋವಿಗೆ ಒಂದೊಂದೇ ಗಂಟು ಬಿಡ್ತಾ ಬಿಡ್ತಾ ಹಿಂದಕ್ಕೆ ಬಂದೆ. ಇನ್ನೇನು ಹಗ್ಗ ಮುಗೀತು ಅನ್ನೋವಾಗ ಪಕ್ಕದಲ್ಲಿ ಅವರಿದ್ರು. ಪಕ್ಕಕ್ಕೆ ನೋಡಬೇಡಿ ಅಂತ ನೀವು ಹೇಳಿರಲಿಲ್ಲ.” ಟೀಚರು ಅರಮನೆಯ ಮುರಿದ ಕಂಬದ ಮೇಲೆ ಕೂತು ಮಂಡಿ ಒತ್ತಿಕೊಂಡರು. “ಕಟ್ಟೆ ಮೇಲೆ ಕೂತಿದ್ದೋರೇ ಅಂತ ಆಮೇಲೆ ಗೊತ್ತಾಯ್ತು. ಎಷ್ಟು ಒಳ್ಳೇವ್ರು. ಅಂಚೆ ಆಫೀಸಿನ ಹತ್ತಿರ ಒಡೆದ ಚಪ್ಪಡಿ ಇದೆಯಲ್ಲ, ಅಲ್ಲಿ ಹಗ್ಗ ಎಳೆದು ನನ್ನ ನಿಲ್ಲಿಸಿದ್ರು. ಇಲ್ದಿದ್ರೆ ನಾನು ಬಿದ್ದೇ ಹೋಗ್ತಿದ್ದೆ. ಮಾತು ಮಾತ್ರ ಇಲ್ಲ. ನೀವು ಬಾವಿ ಹತ್ತಿರ ಆ ಕುದುರೆ ಕತೆ ಹೇಳ್ತಿದ್ರಲ್ಲ, ಆಗ ತಲೆ ಅಲ್ಲಾಡಿಸಿದ್ದೇ ಅಲ್ಲಾಡಿಸಿದ್ದು. ಬೆಳ್ಳಿ ಕತ್ತಿ ಅಂದಾಗ ಹಣೆ ಚಚ್ಚಿಕೊಂಡ್ರು.”

ನಾನು ಮಾಬೂಬಿಯ ಒಲೆಯ ಪಕ್ಕದಲ್ಲಿ ಕೂತೆ. ಅಳು ಬಂತು. ಹನ್ನೆರಡು ಜನರ ಮುಂದೆ ಅತ್ತೆ, ನಾಚಿಕೆಯಾಗಲಿಲ್ಲ. ಅವಳು ಕೂತೇ ಇಲ್ಲ ಎನ್ನುವುದೊಂದೇ ನನ್ನ ತಲೆಯಲ್ಲಿತ್ತು. ಕುಂದ್ರು ಎಂದದ್ದನ್ನು ಪಾರವ್ವ ಕೇಳಿಯೇ ಇಲ್ಲ.

“ಈಗ ಎಲ್ಲಿದಾಳ್ರಿ?” ಎಂದು ಕೇಳಿದೆ. “ನನ್ನ ಹೆಂಡ್ತಿರಿ ಅಕಿ. ಪಾರವ್ವ.” ಹನ್ನೊಂದು ವರ್ಷದ ಮೇಲೆ ಆ ಹೆಸರು ನನ್ನ ಬಾಯಿಂದ ಬಂದದ್ದು ಆಗಲೇ.

ಟೀಚರು ಕತ್ತು ಎತ್ತಿ ರಸ್ತೆ ನೋಡಿದರು. “ನೀವು ಚಹಾ ಅಂದ ಕೂಡಲೇ ಹಗ್ಗ ಮೆತ್ತಗೆ ಕೆಳಗಿಟ್ಟು ಹೊರಟ್ರು. ಅಗೋ, ತಿರುವಿನ ದೀಪದ ಕೆಳಗೆ ಹೋಗ್ತಾ ಇದ್ದಾರೆ.” ನಾನು ನೋಡಿದೆ. ದೀಪದ ಕಂಬವಿತ್ತು, ಅದರ ಬುಡದಲ್ಲಿ ಒಂದು ನಾಯಿ ಮಲಗಿತ್ತು. ನಾಯಿ ತಲೆ ಎತ್ತಲಿಲ್ಲ, ಅದೂ ನಮ್ಮೂರ ನೀರು ಕುಡಿದದ್ದೇ.

“ಮುಖ ಹ್ಯಾಂಗಿತ್ತು? ಸಿಟ್ಟು ಇತ್ತೇನ್ರಿ?”

ಟೀಚರು ಯೋಚಿಸಿದರು. ಸುಳ್ಳು ಹೇಳುವ ಜಾತಿಯವರಲ್ಲ, ಪಾರವ್ವನ ಹಾಗೆ. “ಮೂವತ್ತು ವರ್ಷ ಹೆಣ್ಣುಮಕ್ಕಳ ಮುಖ ನೋಡಿದೀನಿ, ಸಿಟ್ಟು ನನಗೆ ಗೊತ್ತಾಗುತ್ತೆ. ಸಿಟ್ಟು ಇತ್ತಪ್ಪಾ. ಆದ್ರೆ ಹಗ್ಗ ಬಿಡಲಿಲ್ಲ.” ಆಮೇಲೆ ಕಪ್ಪು ಎತ್ತಿ ಚಹಾ ಕುಡಿದರು.

ಆ ರಾತ್ರಿ ಮನೆಗೆ ಬಂದು ಒಳಗೆ ಹೋಗಲಿಲ್ಲ. ಕಟ್ಟೆಯ ಮೇಲೆ ಕೂತೆ. ಎಷ್ಟು ಜಾಗ ಬಿಟ್ಟು ಕೂರಬೇಕೋ ತಿಳಿಯದೆ ಅತ್ತ ಇತ್ತ ಸರಿದೆ. ತಪ್ಪಾಯಿತು ಎಂದೆ. ಡಂಗುರದವನಿಗೆ ಮೆಲ್ಲಗೆ ಮಾತಾಡಿ ರೂಢಿಯಿಲ್ಲ, ಎದುರು ಮನೆಯವರು ಕಿಟಕಿ ತೆರೆದು ನೋಡಿ, ಮರ್ಯಾದೆಯಿಂದ ಮತ್ತೆ ಮುಚ್ಚಿಕೊಂಡರು. ಅವಳು ತಲೆ ಎತ್ತಿದಳೋ ಇಲ್ಲವೋ ನನಗೆ ತಿಳಿಯುವ ದಾರಿಯಿರಲಿಲ್ಲ. ಆದರೂ ಹನ್ನೊಂದು ವರ್ಷದಲ್ಲಿ ಮೊದಲ ಸಲ ಕೂತಲ್ಲೇ ಕಣ್ಣು ಹತ್ತಿತು.

ಬೆಳಿಗ್ಗೆ ನೇರ ಹುಲಗಪ್ಪನ ಅಂಗಡಿಗೆ ಹೋದೆ. “ನಿನಗ ಗೊತ್ತಿತ್ತೇನೋ?”

ಹುಲಗಪ್ಪ ಕುರ್ಚಿ ಒರೆಸುತ್ತಿದ್ದ ಬಟ್ಟೆಯನ್ನು ಹೆಗಲಿಗೆ ಹಾಕಿಕೊಂಡ. “ಅಕಿ ಕಾಣಂಗಿಲ್ರಿ ನಮಗ. ಹಗ್ಗ ಕಾಣತೈತಲ್ಲ. ಹನ್ನೆರಡು ಮಂದಿ ಹಾದು ಹೋದ ಮ್ಯಾಲೂ ಹಗ್ಗ ನೆಲಕ್ಕ ಬೀಳಂಗಿಲ್ಲ, ಸೊಂಟದ ಮಟ್ಟಕ್ಕ ಗಾಳ್ಯಾಗ ಹೋಕ್ಕೈತಿ. ಊರ ಮಂದಿ ಎಲ್ಲಾ ದಿನಾ ನೋಡತೈತಿ.”

“ಮತ್ತ ಹೇಳಬಾರದೇನು?”

“ನೀವು ಕೇಳಲಿಲ್ಲಲ್ರಿ” ಎಂದ. ಅವನ ಮುಖ ನಿಜವಾಗಿ ಸಣ್ಣದಾಗಿತ್ತು. “ನೀವು ಮುಂದ, ಅಕಿ ಹಿಂದ, ಮೊದಲಿನಂಗ. ನಿಮಗ ಗೊತ್ತದ ಅಂತ ನಾವು ತಿಳಿದಿದ್ವಿ. ನಿನ್ನೆ ಕೊಯ್ಯಬೇಕು ಅಂದ್ರಲ್ಲ, ಅವಾಗ ನನಗ ಎದಿ ಧಸಕ್ ಅಂತು. ಆದ್ರ ಕೇಳದ ಹ್ಯಾಂಗ ಹೇಳೂದ್ರಿ ಕಾಕಾ.” ನಾನು ಅವನನ್ನು ಬೈಯಬೇಕೆಂದೇ ಹೋದವನು. ಬಟ್ಟೆ ಸಾಹುಕಾರರ ಹೆಂಡತಿಗೆ ನಾನೂ ಇಷ್ಟು ವರ್ಷ ಬಾಯಿ ಬಿಟ್ಟಿಲ್ಲವಲ್ಲ ಎನ್ನುವುದು ನೆನಪಾಗಿ ಸುಮ್ಮನೆ ಕುರ್ಚಿಯಲ್ಲಿ ಕೂತು ಗಡ್ಡ ಹೆರೆಸಿಕೊಂಡೆ. ಹುಲಗಪ್ಪ ಗೋಡೆಯ ಮೇಲಿನ ನಾಲ್ಕು ಕತ್ತಿಗಳಲ್ಲಿ ಬಹಳ ಒಳ್ಳೆಯದನ್ನೇ ತೆಗೆದ.

ಆ ರಾತ್ರಿ ಬಂದವರು ಒಂಬತ್ತೇ ಜನ. ಹೊಸದಾಗಿ ಮದುವೆಯಾದ ಜೋಡಿಯೊಂದು 'ನಾವು ಹಿಂದೆ ಇರುತ್ತೇವೆ' ಎಂದಿತು. ಗಂಡನಿಗೆ ಇಪ್ಪತ್ತನೆಯ ಗಂಟು ಹಿಡಿಸಿ, ಇಪ್ಪತ್ತೊಂದು ಖಾಲಿ ಬಿಟ್ಟಿರು ಅಂದೆ. ನಮ್ಮ ಮನೆಯ ಮುಂದೆ ನಿಂತು, “ಇಲ್ಲಿ ಕುಂತಾಕಿ ನನ್ನ ಹೆಂಡ್ತಿ, ಪಾರವ್ವ. ಈ ಹಗ್ಗ ಅಕೀದು” ಅಂದೆ. ತಲೆ ಎತ್ತಿಲ್ಲ ಎಂದು ಯಾರೋ ಹೇಳಿದರು. “ಇರಲಿ, ಆಮ್ಯಾಲೆ ಬರ್ತಾಳ” ಅಂದೆ. ಹಿಂತಿರುಗಿ ನೋಡಬಾರದೆಂಬ ಕಟ್ಟಳೆಯನ್ನು ಹೇಳಲಿಲ್ಲ. ಆದರೆ ನಾನು ಮಾತ್ರ ನೋಡಲಿಲ್ಲ. ನೋಡಿದರೆ ಖಾಲಿ ದಾರಿ ಕಾಣುತ್ತದೆ, ಅದು ನನಗೆ ಬೇಡವಾಗಿತ್ತು.

ಕೊತ್ವಾಲರ ಬಾವಿಗೆ ಬಂದೆವು. ಬಾಯಿ ತಾನಾಗಿಯೇ ಕುದುರೆಯ ಕಡೆಗೆ ಹೊರಟಿತ್ತು, ಕಷ್ಟಪಟ್ಟು ತಡೆದೆ. “ಇಲ್ಲಿ ನಿಂತಾಕಿ ಚಂದ್ರವ್ವ. ಸವಾರ ಯಾರೂ ಇರಲಿಲ್ರಿ. ಅಕಿಗೆ ಏಳು ದಿನ ಜ್ವರಾ ಬಂದಿತ್ತು. ಜ್ವರದಾಗೂ ಮನಿ ಮಂದಿಗೆ ನೀರು ಬೇಕಂತ ಕೊಡಾ ತಗೊಂಡು ಬಂದ್ಲು. ಹೋಗಿ ಮಲಗಿದಾಕಿ ಏಳಲಿಲ್ಲ.” ಬಂದವರಲ್ಲಿ ಒಬ್ಬರು, ಇಷ್ಟೇನಾ ಎಂದು ಗೊಣಗಿದರು. ಬಾವಿಯ ಎದುರಿನ ಮನೆಯ ಮುದುಕಿ, ಚಂದ್ರವ್ವನ ತಂಗಿಯ ಮೊಮ್ಮಗಳು, ಕಟ್ಟೆಯಿಂದ ಎದ್ದು ನಿಂತು ನನ್ನನ್ನೇ ನೋಡಿದಳು. ನಾನು ಎದುರಿಗೇ ನೋಡುತ್ತ ಇಪ್ಪತ್ತನೆಯ ಗಂಟು ಹಿಡಿದ ಹುಡುಗನನ್ನು ಕೇಳಿದೆ: “ತಮ್ಮಾ, ಕೊನೇ ಗಂಟು ಹಿಡದಾಕಿ ಏನ್ ಮಾಡಾಕತ್ತಾಳ?”

“ತಲೆ ಅಲ್ಲಾಡಿಸ್ತಾ ಇದ್ದಾರೆ ಸಾರ್” ಎಂದು ಕತ್ತಲಿನಿಂದ ಉತ್ತರ ಬಂತು.

ನಿಜ ಹೇಳಿದ ಮೇಲೂ ಇನ್ನೇನು ತಪ್ಪು ಎಂದು ಒಂದು ಕ್ಷಣ ಹಳೆಯ ಸಿಟ್ಟೇ ನೆತ್ತಿಗೇರಿತು. ಆಮೇಲೆ ಹೊಳೆಯಿತು. ಎಷ್ಟು ತಡೆದರೂ ನನ್ನ ನಾಲಿಗೆ ಜ್ವರವನ್ನಾದರೂ ಹಿಗ್ಗಿಸದೆ ಬಿಟ್ಟಿರಲಿಲ್ಲ. “ತಪ್ಪಾತ್ರಿ. ಏಳಲ್ಲ, ಮೂರು ದಿನದ ಜ್ವರಾ” ಅಂದೆ. ನಗು ತಡೆಯಲಾಗಲಿಲ್ಲ. “ಈಗೇನ್ ಮಾಡಾಕತ್ತಾಳ ನೋಡು.”

ಹುಡುಗ ಉತ್ತರ ಕೊಡುವ ಮೊದಲೇ ನನ್ನ ಕೈಯಲ್ಲಿದ್ದ ಹಗ್ಗ ಬಿಗಿಯಾಯಿತು. ಹಿಂದಿನಿಂದ ಒಂದು ಸಲ ಜಗ್ಗಿತು, ಸ್ವಲ್ಪ ತಡೆದು ಇನ್ನೊಂದು ಸಲ ಜಗ್ಗಿತು. ನಾನು ಕಂದೀಲು ಎತ್ತಿ ಹಿಡಿದು, “ನಡೀರಿ, ಎಲ್ಲಾರೂ ಬಂದಾರ” ಎಂದು ಮುಂದೆ ಹೆಜ್ಜೆ ಹಾಕಿದೆ.